ಮೇಣದ ಹಿರಿಯರು

ಹಲ್ಲಿನ ಡಾಕ್ಟರ ಎದುರಿಗೆ ನಗುವಾಗ ಸ್ವಲ್ಪ ಎಚ್ಚರವಿರಲಿ. ನೀವು ಸ್ನೇಹಕ್ಕೆಂದು ನಗುತ್ತೀರಿ. ನಾವು ಮೇಲಿನ ಸಾಲಿನ ಎಡಗಡೆಯ ಕೋರೆಹಲ್ಲು ನೋಡುತ್ತಿರುತ್ತೇವೆ. ಹ್ಯೂಸ್ಟನ್ ಮಗ್ಗುಲಿನ ಮಿಸೌರಿ ಸಿಟಿಯಲ್ಲಿ ನನ್ನದೊಂದು ಚಿಕ್ಕ ಕ್ಲಿನಿಕ್ ಇದೆ. ಅಲ್ಲಿ ಕೂತು ಕೂತು ನನಗೊಂದು ಕೆಟ್ಟ ಚಟ ಹತ್ತಿಬಿಟ್ಟಿದೆ. ಯಾರೇ ಬಾಯಿ ತೆರೆಯಲಿ, ಅವರು ಯಾವ ಅಂತಸ್ತಿನಲ್ಲಿ ಬೆಳೆದವರೆಂದು ಮನಸ್ಸಿನಲ್ಲೇ ಅಂದಾಜು ಕಟ್ಟುವುದು. ಚಿಕ್ಕಂದಿನಲ್ಲಿ ತಂತಿ ಕಟ್ಟಿಸಿಕೊಂಡವರ ಹಲ್ಲು ಪ್ರಾರ್ಥನೆಗೆ ನಿಂತ ಶಾಲೆಯ ಮಕ್ಕಳ ಹಾಗೆ ಸಾಲಾಗಿರುತ್ತವೆ. ಇನ್ಶೂರೆನ್ಸ್ ಇಲ್ಲದೆ ವರ್ಷಗಟ್ಟಲೆ ಒಂದೇ ದವಡೆಯಲ್ಲಿ ಅಗಿದವರ ಕೆನ್ನೆ ಆ ಕಡೆಗೆ ಚೂರು ದಪ್ಪ. ಪಾರ್ಟಿಗಳಲ್ಲಿ ಆಂಟಿಯರು ಸೀರೆ ನೋಡುತ್ತಾರೆ, ಅಂಕಲ್‌ಗಳು ಹೊರಗೆ ನಿಂತ ಕಾರು ನೋಡುತ್ತಾರೆ, ನಾನು ದವಡೆ ನೋಡುತ್ತೇನೆ. ಇಷ್ಟಾಗಿ ನನ್ನ ಮುಂದಿನ ಎರಡು ಹಲ್ಲು ಒಂದರ ಮೇಲೊಂದು ಕಾಲು ಹಾಕಿಕೊಂಡು ಆರಾಮಾಗಿ ಕೂತಿವೆ. ಧಾರವಾಡದಲ್ಲಿ ನಮ್ಮ ಕಾಲಕ್ಕೆ ಹಲ್ಲಿಗೆ ತಂತಿ ಕಟ್ಟುತ್ತಾರೆಂದರೆ ಜನ ಬೇಲಿಗೆ ಕಟ್ಟುವ ತಂತಿ ಅಂದುಕೊಳ್ಳುತ್ತಿದ್ದರು.

ಒಂದು ಸಂಜೆ ಊಟಕ್ಕೆ ಕೂತಾಗ ಈ ಚಟದ ಬಗ್ಗೆ ಹೇಳಿ ನಗುತ್ತಿದ್ದೆ. ನನ್ನ ಮಗಳು ಶಾಲ್ಮಲಾ, ನಮ್ಮೆಲ್ಲರ ಶಾಲು, ಆಗ ಹೈಸ್ಕೂಲಿನಲ್ಲಿದ್ದಳು. ಅವಳು ತಲೆ ಎತ್ತದೆ, ರೋಮಿನಲ್ಲಿ ಬಾಯಿ ತೆರೆಯುವ ತನಕ ಯಾರೂ ಕಾಯುತ್ತಿರಲಿಲ್ಲ ಎಂದಳು. ಅಂಗಿಯ ಪಟ್ಟಿ ನೋಡಿದರೆ ಸಾಕಿತ್ತಂತೆ. ಅಗಲ ಪಟ್ಟಿಯಿದ್ದರೆ ಆಳುವ ಸಭೆಯಾದ ಸೆನೆಟಿನವನು. ಸಣ್ಣ ಪಟ್ಟಿ, ಬೆರಳಿಗೆ ಬಂಗಾರದ ಉಂಗುರ ಇದ್ದರೆ ಅವನ ಕೆಳಗಿನ ಕುದುರೆ ಸವಾರರ ವರ್ಗದವನು. ಪಟ್ಟಿಯೇ ಇಲ್ಲದವನು ಉಳಿದ ಸಕಲರಲ್ಲಿ ಒಬ್ಬ.

ಇದನ್ನೆಲ್ಲ ಅವಳು ಇಂಗ್ಲಿಷಿನಲ್ಲಿ ಹೇಳಿದಳು. ಕನ್ನಡ ಅವಳಿಗೆ ಪೂರಾ ತಿಳಿಯುತ್ತದೆ, ಆದರೆ ಉತ್ತರ ಇಂಗ್ಲಿಷಿನಲ್ಲೇ ಬರುತ್ತದೆ. ಶಾಲೆಯಲ್ಲಿ ಒಂದು ಭಾಷೆ ಆರಿಸಿಕೊಳ್ಳಬೇಕಾದಾಗ ಎಲ್ಲರೂ ಸ್ಪ್ಯಾನಿಶ್ ಎಂದರೆ ಇವಳು ಲ್ಯಾಟಿನ್ ಎಂದಿದ್ದಳು. ಮೈಸೂರಿನವರಾದ ನನ್ನ ಗಂಡ ಶ್ರೀಧರ ಅದನ್ನು ಇನ್ನೂ ಮರೆತಿಲ್ಲ. "ಭಾನುವಾರ ಸಂಸ್ಕೃತ ಕ್ಲಾಸಿಗೆ ಹೋಗು ಅಂದ್ರೆ, ಸತ್ತ ಭಾಷೆ ಕಲ್ತು ಏನ್ ಮಾಡ್ಲಿ ಅಂದೋಳು ಇವಳೇ ನೋಡಿ," ಎನ್ನುತ್ತಾರೆ, ಬಂದವರಿಗೆಲ್ಲ.

ಆ ಸಂಜೆ ನಮ್ಮ ಮೇಜಿನಲ್ಲಿ ಇನ್ನೊಬ್ಬರಿದ್ದರು. ನನ್ನ ಅಪ್ಪನ ತಮ್ಮ, ನೀಲಕಂಠ ಕಾಕಾ. ಎಪ್ಪತ್ತು ದಾಟಿದ ಮನುಷ್ಯ, ಮದುವೆಯಾಗಲಿಲ್ಲ, ಚಳಿಗಾಲ ಕಳೆಯುತ್ತಿದ್ದಂತೆ ನಮ್ಮ ಮನೆಗೆ ಬಂದಿದ್ದರು. ಜೀವಮಾನವೆಲ್ಲ ನಾಟಕದ ಕಂಪನಿಗಳಲ್ಲಿ ರಾಜನ ಪಾರ್ಟು ಮಾಡಿಕೊಂಡು ಹುಬ್ಬಳ್ಳಿ, ಗದಗ, ಬಾಗಲಕೋಟೆ ಎಂದು ಕ್ಯಾಂಪಿನಿಂದ ಕ್ಯಾಂಪಿಗೆ ತಿರುಗಿದವರು. ಟೆಕ್ಸಸ್ಸಿಗೆ ಬಂದ ಮೇಲೂ ಗ್ರೋಸರಿ ಅಂಗಡಿಯ ಬಾಗಿಲು ತಾನಾಗಿಯೇ ತೆರೆದುಕೊಂಡರೆ ಅದು ತಮಗೆ ಸಲ್ಲಬೇಕಾದ ಮರ್ಯಾದೆ ಎಂಬಂತೆ ಒಳಗೆ ನಡೆಯುತ್ತಿದ್ದರು.

"ಪಟ್ಟಿ ಇಲ್ಲದವರು ಸುಮ್ಮನ ಇದ್ರೇನು?" ಎಂದು ಕೇಳಿದರು ಕಾಕಾ.

ಸುಮ್ಮನಿರಲಿಲ್ಲವಂತೆ. ಶಾಲು ಹುರುಪಿನಿಂದ ಹೇಳತೊಡಗಿದಳು, ನಾನು ನಡುನಡುವೆ ಕನ್ನಡ ಮಾಡುತ್ತ ಹೋದೆ. ಬಹಳ ಹಿಂದೆ ರೋಮಿನಲ್ಲಿ ಪೆಟ್ರಿಶಿಯನ್ ಎಂಬ ಕೆಲವೇ ಮನೆತನಗಳು. ಪೂಜೆ ಅವರದು, ಕಾನೂನು ಅವರದು, ಅಧಿಕಾರ ಅವರದು. ಉಳಿದವರು ಪ್ಲೀಬಿಯನ್ನರು. ಇಬ್ಬರ ನಡುವೆ ಮದುವೆ ಕೂಡದು ಎಂದು ಒಂದು ಕಾಲಕ್ಕೆ ಶಾಸನವೇ ಇತ್ತು. ಒಮ್ಮೆ ಅನ್ಯಾಯ ವಿಪರೀತವಾದಾಗ ಪ್ಲೀಬಿಯನ್ನರು ಯಾರ ಮೇಲೂ ಕೈ ಎತ್ತಲಿಲ್ಲ. ಎಲ್ಲರೂ ಎದ್ದು, ಊರು ಬಿಟ್ಟು, ಹತ್ತಿರದ ಗುಡ್ಡದ ಮೇಲೆ ಹೋಗಿ ಕೂತುಬಿಟ್ಟರು.

ಕಾಕಾ ಕೈಯಲ್ಲಿದ್ದ ಚಪಾತಿ ತುತ್ತು ಹಾಗೇ ಹಿಡಿದುಕೊಂಡಿದ್ದರು. "ಊರಿಗೆ ಊರs?"

"ಹೌದು ಕಾಕಾ."

"ರೊಟ್ಟಿ ಬಡಿಯಾಕಿ, ಚಪ್ಪಲಿ ಹೊಲಿಯಾಂವ, ಎಲ್ಲಾರೂ? ಹಂಗಾರ ಕೆಳಗ ದೊಡ್ಡ ಮನಿಯವರು ಒಬ್ಬರ ಮಾರಿ ಒಬ್ಬರು ನೋಡಿಕೋತ ಕೂತಿರಬೇಕಲ್ಲ!" ಅವರು ಆ ದೃಶ್ಯವನ್ನು ಕಣ್ಣೆದುರಿಗೆ ತಂದುಕೊಂಡು ಬಹಳ ಹೊತ್ತು ಹಾಗೇ ನೋಡಿದರು. "ಅಬ್ಬಾ. ಎಂಥಾ ಸೀನ್ ಅದು!"

ಆಮೇಲೆ ದಿನಾ ಸಂಜೆ ಅವರಿಗೆ ರೋಮ್ ಬೇಕಾಯಿತು. ಬೆಳಗಾದರೆ ಬಡವರು ದೊಡ್ಡವರ ಮನೆಯ ಹೊಸ್ತಿಲಲ್ಲಿ ನಮಸ್ಕಾರ ಹೇಳಲು ಸಾಲುಗಟ್ಟಿ ನಿಲ್ಲುತ್ತಿದ್ದುದು, ಆ ದೊಡ್ಡವರೂ ತಮಗಿಂತ ದೊಡ್ಡವರ ಹೊಸ್ತಿಲಿಗೆ ಓಡುತ್ತಿದ್ದುದು, ಬಿಡುಗಡೆಯಾದ ಗುಲಾಮ ತಲೆಗೆ ಉಣ್ಣೆಯ ಟೊಪ್ಪಿಗೆ ಹಾಕಿಕೊಳ್ಳುತ್ತಿದ್ದುದು, ಸಮುದ್ರದ ಶಂಖದ ಹುಳುಗಳಿಂದ ಹನಿಹನಿಯಾಗಿ ತೆಗೆದ ನೇರಳೆ ಬಣ್ಣ. ಮುಗಿಯದಷ್ಟು ಇತ್ತು. ಇಷ್ಟೊಂದು ಮೆಟ್ಟಿಲುಗಳನ್ನು ಕಟ್ಟಿ, ಯಾರು ಯಾವ ಮೆಟ್ಟಿಲಲ್ಲಿ ನಿಲ್ಲಬೇಕೆಂದು ಬಟ್ಟೆ, ಬಣ್ಣ, ಕುರ್ಚಿಗಳಲ್ಲಿ ಬರೆದಿಟ್ಟ ಜನರನ್ನು ಕಂಡು ನನಗೆ ಹೆದರಿಕೆಯೂ ಆಗುತ್ತಿತ್ತು, ಒಂದು ಬಗೆಯ ಬೆರಗೂ ಆಗುತ್ತಿತ್ತು.

ಒಂದು ದಿನ ಅವಳು ಮೇಣದ ಮುಖಗಳ ಸುದ್ದಿ ತಂದಳು. ರೋಮಿನ ಕುಲೀನರ ಮನೆಯ ಪಡಸಾಲೆಯಲ್ಲಿ ಮರದ ಕಪಾಟುಗಳಿರುತ್ತಿದ್ದವು. ಒಳಗೆ ಹಿರಿಯರ ಮುಖಗಳು. ಮೇಣದಲ್ಲಿ ತೆಗೆದ, ಸುಕ್ಕು ಸುಕ್ಕೂ ಕಾಣುವ, ಹುಬ್ಬಿನ ಗಂಟೂ ಬಿಡದ ಮುಖಗಳು. ಆದರೆ ಸತ್ತ ಅಜ್ಜಂದಿರಿಗೆಲ್ಲ ಅಲ್ಲಿ ಜಾಗವಿರಲಿಲ್ಲ. ದೊಡ್ಡ ಅಧಿಕಾರ ಹಿಡಿದವನ ಮುಖ ಮಾತ್ರ ಕಪಾಟು ಸೇರುತ್ತಿತ್ತು. ಅಂಥ ಮುಖಗಳಿದ್ದ ಮನೆತನ ಕುಲೀನ, ಇಲ್ಲದ್ದು ಅಲ್ಲ. ಮನೆಯ ಯಜಮಾನ ಸತ್ತಾಗ ಆ ಮುಖಗಳನ್ನು ಹೊರಗೆ ತೆಗೆದು, ಎತ್ತರ ನಿಲುವು ಹೊಂದುವಂಥವರ ಮೋರೆಗೆ ಕಟ್ಟಿ, ಆಯಾ ಹಿರಿಯನ ಅಧಿಕಾರಕ್ಕೆ ತಕ್ಕ ಉಡುಗೆ ಉಡಿಸಿ, ಶವದ ಮುಂದೆ ನಡೆಸುತ್ತಿದ್ದರು. ನೂರಾರು ವರ್ಷದ ಹಿಂದೆ ಸತ್ತವರು ಮೆರವಣಿಗೆಯಲ್ಲಿ ಬಂದು, ಚೌಕದಲ್ಲಿ ದಂತದ ಕುರ್ಚಿಗಳ ಮೇಲೆ ಸಾಲಾಗಿ ಕೂತು, ತಮ್ಮ ಕುಲದ ಹೊಸ ಹೆಣವನ್ನು ಎದುರುಗೊಳ್ಳುತ್ತಿದ್ದರು.

"ಆ ಮಾರಿ ಕಟ್ಟಿಕೊಂಡು ನಡಿಯಾವರು ಯಾರು?" ಎಂದರು ಕಾಕಾ.

"ಆ್ಯಕ್ಟರ್ಸ್, ಅಜ್ಜಾ," ಎಂದಳು ಶಾಲು.

ಕಾಕಾ ನೆಟ್ಟಗೆ ಕೂತರು. ಅವರ ಕಣ್ಣು ಬೆಳಗಿದ್ದನ್ನು ನೋಡಿ ಅವಳು ಒಂದು ಕ್ಷಣ ತಡೆದಳು. ಮುಂದಿನದನ್ನು ಹೇಳಲೋ ಬೇಡವೋ ಎಂದು ನನ್ನ ಕಡೆ ನೋಡಿ, ಮೆಲ್ಲಗೆ ಹೇಳಿಯೇಬಿಟ್ಟಳು. ರೋಮಿನಲ್ಲಿ ನಟರಿಗೆ ಮಾನವಿರಲಿಲ್ಲ. ಕಾನೂನಿನ ಕಣ್ಣಿಗೆ ಅವರು ಕಾಳಗದ ಅಖಾಡದಲ್ಲಿ ಬಡಿದಾಡುವವರ ಸಮ. ಅಧಿಕಾರಕ್ಕೆ ನಿಲ್ಲುವಂತಿಲ್ಲ, ಅವರ ಮುಖ ಯಾವ ಕಪಾಟಿಗೂ ಸೇರುವಂತಿಲ್ಲ.

"ಹಂಗಾರ ಅಲ್ಲೂ ಹಂಗs ಏನು," ಎಂದು ಕಾಕಾ ನಕ್ಕರು. ಆದರೆ ಆ ರಾತ್ರಿ ಮಜ್ಜಿಗೆ ಬೇಡವೆಂದು ಎದ್ದು ಹೋದರು.

ಆ ನಗು ನನಗೆ ಗೊತ್ತಿತ್ತು. ಧಾರವಾಡದ ನಮ್ಮ ಮನೆಯ ಪಡಸಾಲೆಯಲ್ಲಿ ಕಟ್ಟು ಹಾಕಿಸಿದ ಫೋಟೋಗಳ ಒಂದು ಸಾಲಿತ್ತು. ಯಾವುದೋ ಸಂಸ್ಥಾನದಲ್ಲಿ ಕಾರಭಾರಿಯಾಗಿದ್ದರೆಂದು ಹೇಳುವ ಮುತ್ತಜ್ಜ, ರುಮಾಲು ಸುತ್ತಿದ ಅಜ್ಜ, ಕಪ್ಪು ಕೋಟಿನ ಚಿಕ್ಕಜ್ಜಂದಿರು, ಕೊನೆಗೆ ಹೆಡ್‌ಮಾಸ್ತರರಾದ ಅಪ್ಪ. ನೀಲಕಂಠ ಕಾಕಾ ಮಾತ್ರ ಇಲ್ಲ. ಬಣ್ಣ ಹಚ್ಚಿಕೊಳ್ಳುವವನ ಫೋಟೋ ಹಿರಿಯರ ಸಾಲಿನಲ್ಲಿ ಬೇಡವೆಂದು ಅಪ್ಪ ಒಂದೇ ಸಲ ಹೇಳಿದ್ದರು. ಎರಡನೇ ಸಲ ಹೇಳುವ ಪ್ರಸಂಗ ನಮ್ಮ ಮನೆಯಲ್ಲಿ ಯಾವುದಕ್ಕೂ ಬರುತ್ತಿರಲಿಲ್ಲ.

ಹತ್ತಿರದಲ್ಲಿ ಎಲ್ಲಾದರೂ ಕ್ಯಾಂಪ್ ಬಿದ್ದಾಗ ಕಾಕಾ ಮಧ್ಯಾಹ್ನ ಹಿತ್ತಲ ಬಾಗಿಲಿಂದ ಬರುತ್ತಿದ್ದರು. ಕಿವಿಯ ಹಿಂದೆ ಹಿಂದಿನ ದಿನದ ಬಣ್ಣ ಚೂರು ಉಳಿದಿರುತ್ತಿತ್ತು. ಅಜ್ಜಿ ಅಡುಗೆಮನೆಯಲ್ಲೇ ಮಣೆ ಹಾಕಿ ಉಣಿಸುವಳು. ನಾನು ಗಂಟುಬೀಳುವೆ: "ಕಾಕಾ, ರಾಜಾ ನಡಿಯೂದು ತೋರಸ್ರೀ." ಉಂಡ ಕೈ ತೊಳೆದು ಅವರು ಒಲೆಯ ಹತ್ತಿರದಿಂದ ಬಾವಿಕಟ್ಟೆಯ ತನಕ ನಡೆಯುತ್ತಿದ್ದರು. ಹೆಗಲ ಮೇಲೆ ಇಲ್ಲದ ಶಲ್ಯ, ತಲೆಯ ಮೇಲೆ ಇಲ್ಲದ ಕಿರೀಟ. ನೆಲವೇ ಅವರ ಕಾಲಿನ ಕೆಳಗೆ ಬಂದು ಬಂದು ನಿಲ್ಲುತ್ತಿದೆ ಎನಿಸುತ್ತಿತ್ತು. ದಾರಿಯಲ್ಲಿ ಮಲಗಿದ ನಮ್ಮ ಬೆಕ್ಕು, ಅಪ್ಪ ಬಂದರೂ ಏಳದ ಬೆಕ್ಕು, ಎದ್ದು ಪಕ್ಕಕ್ಕೆ ಸರಿಯುತ್ತಿತ್ತು. ಅಷ್ಟರಲ್ಲಿ ಪಡಸಾಲೆಯಿಂದ ಅಪ್ಪನ ಕೆಮ್ಮು ಕೇಳಿಸಿದರೆ ರಾಜ ಅಲ್ಲೇ ಕರಗಿ ಹೋಗಿ ತಮ್ಮನಾಗಿ ನಿಲ್ಲುತ್ತಿದ್ದ. ಅಣ್ಣ ನಿಂತಿರುವಾಗ ಕಾಕಾ ಕೂತದ್ದನ್ನು ನಾನು ನೋಡಲೇ ಇಲ್ಲ. ಅಪ್ಪ ಅವರ ಒಂದು ನಾಟಕವನ್ನೂ ನೋಡಲಿಲ್ಲ.

ಶಾಲುವಿನ ಲ್ಯಾಟಿನ್ ಟೀಚರ್ ಮಿಸೆಸ್ ವಿಟಕರ್ ಎಂಬ ಎತ್ತರದ ಹೆಂಗಸು. ಕೌಬಾಯ್ ಬೂಟು ಹಾಕಿಕೊಂಡು, ಟೆಕ್ಸಸ್ಸಿನ ರಾಗದಲ್ಲಿ ಲ್ಯಾಟಿನ್ ಉಚ್ಚರಿಸುವವರು. ವಸಂತದಲ್ಲಿ ಡಲ್ಲಾಸ್, ಹ್ಯೂಸ್ಟನ್, ಆಸ್ಟಿನ್ ಕಡೆಯ ಲ್ಯಾಟಿನ್ ವಿದ್ಯಾರ್ಥಿಗಳೆಲ್ಲ ಆಸ್ಟಿನ್ನಿನಲ್ಲಿ ಸೇರಿ ಸ್ಪರ್ಧೆ ಮಾಡುವುದಿತ್ತು. ನಮ್ಮ ಶಾಲೆಯವರು ಕುಲೀನನೊಬ್ಬನ ಶವಯಾತ್ರೆ ತೋರಿಸುವುದೆಂದು ಗೊತ್ತಾಯಿತು. ಯಾವ ಮಗುವಿಗೂ ಗುಲಾಮನ ಪಾತ್ರ ಕೊಡುವುದಿಲ್ಲ, ಆದರೆ ಗುಲಾಮರಿದ್ದರೆಂಬುದನ್ನು ಮರೆಮಾಚುವುದೂ ಇಲ್ಲ ಎಂದು ಟೀಚರ್ ಹೇಳಿದ್ದರು. ಅವರು ನಡೆಯುತ್ತಿದ್ದ ಜಾಗವನ್ನು ಮೆರವಣಿಗೆಯಲ್ಲಿ ಖಾಲಿ ಬಿಡುವುದೆಂದು ತೀರ್ಮಾನ. ಶಾಲುವಿನ ಪಾಲಿಗೆ ಬಂದದ್ದು ಒಬ್ಬ ಪೂರ್ವಜ. ಅವಳಿಗೆ ಮುಖ ಬೇಕು, ಅದೂ ಸುಕ್ಕಿರುವ ಮುಖ. ರೋಮನ್ನರಿಗೆ ಮುಪ್ಪು ಎಂದರೆ ಘನತೆ.

"ಅಮ್ಮಾ, ನಿನ್ನ ಹತ್ತಿರ ಅಚ್ಚು ತೆಗೆಯುವ ಪುಡಿ ಇದೆಯಲ್ಲ," ಎಂದು ಇಂಗ್ಲಿಷಿನಲ್ಲಿ ಹೇಳಿ, ಅಜ್ಜನ ಕಡೆ ನೋಡಿದಳು.

"ನನ್ನ ಮಾರಿ?" ಕಾಕಾ ತಲೆಯಾಡಿಸಿದರು. "ಬ್ಯಾಡವಾ. ನೀನs ಹೇಳಿದಿ ಅಲ್ಲೇನು, ನಮ್ಮಂಥಾವರ ಮಾರಿ ಅಲ್ಲಿ ನಡಿಯೂದಿಲ್ಲಂತ. ತಪ್ಪು ಆಗ್ತದ. ಅಳಿಯಂದ್ರ ಮಾರಿ ತುಗೋ."

ಶ್ರೀಧರ ಗಾಬರಿಯಾದರು. "ಅಯ್ಯೋ, ನನ್ ಮುಖದಲ್ಲಿ ಒಂದು ಸುಕ್ಕೂ ಇಲ್ಲ ಕಾಕಾ," ಎಂದರು. ಹೊಟ್ಟೆಯ ಬಗ್ಗೆ ಯಾರೂ ಕೇಳಿರಲಿಲ್ಲ.

ಶಾಲು ಮರುದಿನ ಟೀಚರನ್ನೇ ಕೇಳಿಕೊಂಡು ಬಂದಳು. ರೋಮಿನಲ್ಲಿ ಯಾರು ಯಾವ ವರ್ಗಕ್ಕೆ ಸೇರಿದವರೆಂದು ಗೊತ್ತು ಮಾಡುವ ಅಧಿಕಾರಿಗೆ ಸೆನ್ಸರ್ ಎಂದು ಹೆಸರಂತೆ. ಈ ಶಾಲೆಯ ಮಟ್ಟಿಗೆ ನಾನೇ ಸೆನ್ಸರ್, ನಿಮ್ಮಜ್ಜನನ್ನು ನಾನು ಸೆನೆಟಿಗೆ ಸೇರಿಸಿದ್ದೇನೆ ಎಂದು ಮಿಸೆಸ್ ವಿಟಕರ್ ಹೇಳಿ ಕಳಿಸಿದ್ದರು.

"ನಮ್ಮ ಕಡೆ ಸೆನ್ಸರ್‌ನವರು ಕತ್ತರಿಸಿ ಒಗೀತಾರ. ಈಕಿ ಸೇರಸ್ತಾಳಲ್ಲ!" ಎಂದು ಕಾಕಾ ಬಹಳ ಸಂತೋಷಪಟ್ಟು ಒಪ್ಪಿದರು.

ಭಾನುವಾರ ಕ್ಲಿನಿಕ್ಕಿಗೆ ಹೋದೆವು. ನಾವು ಹಲ್ಲಿನ ಅಚ್ಚಿಗೆ ಬಳಸುವ ಪುಡಿ ನೀರಿಗೆ ಬಿದ್ದರೆ ರವೆ ಗಂಜಿಯ ಹಾಗಾಗಿ, ಸ್ವಲ್ಪ ಹೊತ್ತಿಗೆ ರಬ್ಬರಿನಂತೆ ಗಟ್ಟಿಯಾಗುತ್ತದೆ. ಎರಡು ಹಲ್ಲಿಗೆ ಕಲಸಿ ರೂಢಿಯಾದವಳು ಇಡೀ ಮುಖಕ್ಕೆ ಕಲಸುವಾಗ ಶಾಲುವಿನ ಕಣ್ಣಿಗೆ ಮದುವೆ ಮನೆಯ ಅಡುಗೆಯವಳಂತೆ ಕಂಡೆನಂತೆ. ಮೇಣಕ್ಕೆ ಮಾತ್ರ ಜಗಳವಾಯಿತು. ನಮ್ಮ ಕ್ಲಿನಿಕ್ಕಿನ ಮೇಣ ವಸಡಿನ ಬಣ್ಣದ್ದು. ಕಾನ್ಸಲ್ ಎಂದರೆ ರೋಮಿನ ಅತಿ ದೊಡ್ಡ ಅಧಿಕಾರಿ, ಗುಲಾಬಿ ಕಾನ್ಸಲ್ ಬೇಡವೇ ಬೇಡ ಎಂದು ಶಾಲು ಜೇನುಮೇಣ ತರಿಸಿದಳು.

ಕಾಕಾ ನನ್ನ ಕುರ್ಚಿಯಲ್ಲಿ ಒರಗಿದರು. ಹುಬ್ಬಿಗೆ ವ್ಯಾಸಲಿನ್ ಸವರಿದೆ. ಮೂಗಿನ ಹೊಳ್ಳೆಗಳನ್ನು ಬಿಟ್ಟು ಹಣೆಯಿಂದ ಗದ್ದದ ತನಕ ಆ ತಣ್ಣನೆಯ ಗಂಜಿಯನ್ನು ಹಚ್ಚುತ್ತ ಹೋದೆ. ಸಾವಿರಾರು ಬಾಯಿಗಳಲ್ಲಿ ಬೆರಳಾಡಿಸಿದ ನನಗೆ, ನನ್ನ ಮನೆಯ ಹಿರಿಯರ ಮುಖವನ್ನು ಅದುವರೆಗೆ ಮುಟ್ಟಿಯೇ ಇರಲಿಲ್ಲ ಎಂದು ಆಗ ಹೊಳೆಯಿತು. ಹಿರಿಯರದೆಂದರೆ ಪಾದ ಮಾತ್ರ ನಮಗೆ ಗೊತ್ತು. ಕಾಕಾ ಕದಲಲಿಲ್ಲ. ಉಸಿರು ಹೋಗಿಬರುವುದು ಸಹ ಕಾಣದಷ್ಟು ಸ್ಥಿರವಾಗಿದ್ದರು. ಹೆದರಿ ನಾನು ಅವರ ಕೈ ಹಿಡಿದೆ. ಅವರು ಬೆರಳಿನಿಂದ ನನ್ನ ಅಂಗೈಯನ್ನು ಎರಡು ಸಲ ಒತ್ತಿದರು.

ಗಟ್ಟಿಯಾದ ಅಚ್ಚನ್ನು ಬಿಡಿಸಿಕೊಂಡು, ಕರಗಿಸಿದ ಮೇಣವನ್ನು ಅದರೊಳಗೆ ಬ್ರಶ್ಶಿನಿಂದ ಪದರ ಪದರವಾಗಿ ಸವರಿದೆವು. ನಡುವೆ ತೆಳು ಬ್ಯಾಂಡೇಜ್ ಬಟ್ಟೆ, ಮತ್ತೆ ಮೇಣ. ಕಾಕಾ ಮುಖ ತೊಳೆದುಕೊಂಡು ಬಂದು ಚಹಾ ಕುಡಿಯುತ್ತ ನೋಡುತ್ತಿದ್ದರು. ಆರಿದ ಮೇಲೆ ಶಾಲು ಅಂಚು ಬಿಡಿಸಿ, ಮೆಲ್ಲಗೆ ಎತ್ತಿ, ಮೇಜಿನ ಮೇಲೆ ಮಲಗಿಸಿದಳು.

ಅದು ಕಾಕಾ ಅಲ್ಲ. ನನ್ನ ಅಪ್ಪ.

ಕಾಕಾನ ಮುಖವೆಂದರೆ ನಮಗೆ ಅವರ ಕಣ್ಣು, ಕುಣಿಯುವ ಹುಬ್ಬು, ಹಿಂದಕ್ಕೆ ಬಾಚಿದ ಉದ್ದ ಕೂದಲು. ಮೇಣ ಅದನ್ನೆಲ್ಲ ಬಿಟ್ಟು ಎಲುಬನ್ನಷ್ಟೇ ಹಿಡಿದಿತ್ತು. ಅಗಲ ಹಣೆ, ಮೂಗಿನ ಬುಡದ ಗಂಟು, ಬಿಗಿದ ತುಟಿ, ಮುಚ್ಚಿದ ಕಣ್ಣು. ಕೆಲವು ವರ್ಷಗಳ ಹಿಂದೆ ಧಾರವಾಡದ ದವಾಖಾನೆಯಲ್ಲಿ ಬಿಳಿ ಚಾದರದ ಕೆಳಗೆ ನಾನು ಕೊನೆಯ ಸಲ ನೋಡಿದ ಮುಖ ಅಕ್ಷರಶಃ ಇದೇ. ಕಾಕಾನ ಕಡೆ ತಿರುಗಿದೆ.

ಅವರು ಚಹಾದ ಕಪ್ಪನ್ನು ಕೆಳಗಿಟ್ಟು ಎದ್ದು ನಿಂತಿದ್ದರು.

"ಅಣ್ಣಾ," ಎಂದರು.

ಕಾಕಾ ಹತ್ತಿರ ಬಂದು, ಮುಟ್ಟದೆ, ಬಗ್ಗಿ ನೋಡಿ, ನನಗೆ ಹೇಳಿದರು. "ಅವಾ ಹೋದಾಗ ನಮ್ಮ ಕ್ಯಾಂಪ್ ಸೊಲ್ಲಾಪುರದ ಕಡೆ ಇತ್ತು, ಉಮಾ. ಸುದ್ದಿ ತಿಳಿದು ನಾ ಬರೂದ್ರಾಗ ಒಯ್ದು ಮುಗಿಸಿದ್ರು. ಮಾರಿ ಸಿಗಲಿಲ್ಲ ನನಗ." ತಮ್ಮ ಕೆನ್ನೆ ಮುಟ್ಟಿಕೊಂಡು, "ನನ್ನ ಕಡೇನ ಇತ್ತಲ್ಲ ಇದು. ಇಷ್ಟು ದಿನಾ ಇದರ ಮ್ಯಾಲೇ ಬಣ್ಣಾ ಹಚ್ಚೇನಿ," ಎಂದರು.

ಮುಖವನ್ನು ಎರಡೂ ಕೈಯಲ್ಲಿ ಎತ್ತಿ ಕೊಟ್ಟೆ. ಅವರು ಅದನ್ನು ಎದೆಗೆ ಹಿಡಿದುಕೊಂಡು ಗೋಡೆಯ ಕಡೆ ತಿರುಗಿ ನಿಂತರು. ನಾವಿಬ್ಬರೂ ಹೊರಗೆ ಬಂದು ವೇಟಿಂಗ್ ರೂಮಿನಲ್ಲಿ ಕೂತೆವು. ಶಾಲು ನನ್ನ ಭುಜಕ್ಕೆ ತಲೆ ಒರಗಿಸಿದಳು. ಕಪಾಟಿನ ಬಾಗಿಲು ತೆರೆದಾಗ ರೋಮನ್ನರಿಗೆ ಏನಾಗುತ್ತಿತ್ತು ಎಂಬುದನ್ನು ಪುಸ್ತಕ ಓದಿ ತಿಳಿಯಲಾರೆವು ಎನ್ನಿಸಿತು.

ಮುಖದ ರೆಪ್ಪೆಗಳ ಕೆಳಗೆ, ಹಾಕಿಕೊಂಡವಳಿಗೆ ದಾರಿ ಕಾಣಲೆಂದು, ಸಣ್ಣ ಸೀಳು ಕೊರೆದೆವು. ಆಮೇಲಿನ ವಾರಗಳಲ್ಲಿ ನಮ್ಮ ಮನೆಯ ಗ್ಯಾರೇಜ್ ರಂಗಶಾಲೆಯಾಯಿತು. ನಡೆಯುವವಳು ವಿದ್ಯಾರ್ಥಿಯೇ ಆಗಬೇಕೆಂಬ ನಿಯಮವಿದ್ದುದರಿಂದ ಕಾಕಾ ಶಾಲುವಿಗೆ ನಡಿಗೆ ಕಲಿಸಲು ನಿಂತರು. ನಾನು ಅಂದುಕೊಂಡದ್ದು ರಾಜನ ನಡಿಗೆ. ಕಾಕಾ ಬೇಡವೆಂದರು. "ರಾಜಾ ಬ್ಯಾಡ. ಹೆಡ್‌ಮಾಸ್ತರ ನಡಿಗಿ ಕಲಸ್ತೇನಿ. ಗೇಟಿನಿಂದ ಆಫೀಸಿನ ತನಕಾ ಬರತಿದ್ದಾ ನೋಡು, ಆಕಡೆ ಈಕಡೆ ನೋಡತಿದ್ದಿಲ್ಲ. ಕೈ ಹಿಂದ ಇರಬೇಕವಾ. ಗಡಿಬಿಡಿ ಬ್ಯಾಡ. ನಿನ್ನ ಸಲುವಾಗಿ ಗಂಟಿ ಹೊಡೀಲಿಕ್ಕೆ ಎಲ್ಲಾರೂ ಕಾದಾರ." ಅಣ್ಣನನ್ನು ಅವರು ಎಷ್ಟು ನೋಡಿದ್ದರೆಂದು ನನಗೆ ಆಗಲೇ ತಿಳಿದದ್ದು. ಕನ್ನಡಕ ತೆಗೆದು ಒರೆಸುವುದು, ನಿಂತಲ್ಲಿ ಹಿಮ್ಮಡಿ ಊರಿ ತುಸು ತೂಗುವುದು, ಯಾವುದನ್ನೂ ಬಿಟ್ಟಿರಲಿಲ್ಲ.

ಆಸ್ಟಿನ್ನಿಗೆ ಹೋದ ದಿನ ಹೆದ್ದಾರಿಯ ಎರಡೂ ಕಡೆ ನೀಲಿ ಹೂಗಳು. ಮುಖವನ್ನು ಬಿಸಿಲಿಗೆ ಕರಗದಿರಲೆಂದು ಐಸ್ ಡಬ್ಬದಲ್ಲಿಟ್ಟು, ಕಾಕಾ ಅದನ್ನು ದಾರಿಯುದ್ದಕ್ಕೂ ತೊಡೆಯ ಮೇಲೇ ಇಟ್ಟುಕೊಂಡಿದ್ದರು. ಸಭಾಂಗಣದ ಹೊರಗೆ ರೋಮನ್ನರ ಉದ್ದ ಬಟ್ಟೆ ಟೋಗಾ ಸುತ್ತಿಕೊಂಡ ಮಕ್ಕಳ ಜಾತ್ರೆ. ಡಲ್ಲಾಸ್ ಕಡೆಯ ಫ್ಲವರ್ ಮೌಂಡಿನಿಂದ ಬಂದ ತಂಡದಲ್ಲಿ ಅರ್ಧಕ್ಕರ್ಧ ನಮ್ಮ ಕಡೆಯ ಮಕ್ಕಳೇ. ನೇರಳೆ ಅಂಚಿನ ಒಬ್ಬ ಸೆನೆಟರ್ ತನ್ನ ತಾಯಿಗೆ ಫೋನಿನಲ್ಲಿ ತೆಲುಗಿನಲ್ಲಿ ಬೈಯುತ್ತಿದ್ದ. ಬಹುಮಾನ ಅವರಿಗೇ ಹೋಯಿತು ಎಂದು ಈಗಲೇ ಹೇಳಿಬಿಡುತ್ತೇನೆ. ಅವರ ರಥಕ್ಕೆ ನಿಜವಾದ ಚಕ್ರಗಳಿದ್ದವು.

ನಮ್ಮ ಶಾಲೆಯ ಸರದಿ ಬಂತು. ಕೊಂಬಿನ ಸದ್ದು ರೆಕಾರ್ಡಿನಿಂದ ಕೇಳಿಸಿತು. ಮೊದಲು ಬಂದ ಪೂರ್ವಜರ ಮುಖಗಳು ರದ್ದಿ ಕಾಗದ ಅಂಟಿಸಿ ಮಾಡಿದವು. ಒಬ್ಬನ ಮೂಗು ಜೋತಾಡುತ್ತಿತ್ತು. ಹುಡುಗರು ಸಿಳ್ಳೆ ಹಾಕಿ ನಕ್ಕರು, ನಾವೂ ನಕ್ಕೆವು. ನಂತರ ಮೆರವಣಿಗೆಯಲ್ಲಿ ಒಂದು ಖಾಲಿ ಜಾಗ ನಡೆದು ಬಂತು, ಮುಂದಿನವರು ಹಿಂದಿನವರು ಅಷ್ಟು ಅಂತರ ಬಿಟ್ಟಿದ್ದರು. ಯಾರಿಗೂ ನಗಲು ಏನೂ ಸಿಗಲಿಲ್ಲ. ಅದರ ಹಿಂದೆ ಶಾಲು ಬಂದಳು.

ಶಾಲು ಎಂದು ನಾನು ಬರೆಯುತ್ತಿದ್ದೇನೆ, ಕಂಡವರು ಅವಳಲ್ಲ. ಬಿಳಿ ಟೋಗಾದ ಮೇಲೆ ಜೇನುಬಣ್ಣದ ಆ ಮುಖ ದೀಪಕ್ಕೆ ಮೆತ್ತಗೆ ಹೊಳೆಯುತ್ತಿತ್ತು. ಕೈ ಹಿಂದೆ. ಆಕಡೆ ನೋಡಲಿಲ್ಲ, ಈಕಡೆ ನೋಡಲಿಲ್ಲ. ಸಿಳ್ಳೆ ಹಾಕುತ್ತಿದ್ದ ಸಾಲುಗಳು ಒಂದೊಂದಾಗಿ ಸುಮ್ಮನಾದವು. ಎರಡು ಸಾವಿರ ವರ್ಷದ ಹಿಂದಿನ ಒಂದು ಊರಿನವರು ಕಂಡುಹಿಡಿದ ಉಪಾಯ ಟೆಕ್ಸಸ್ಸಿನ ಒಂದು ಹಾಲಿನಲ್ಲಿ, ಧಾರವಾಡದ ಒಬ್ಬ ಹೆಡ್‌ಮಾಸ್ತರರ ಮೇಲೆ ಫಲಿಸುತ್ತಿತ್ತು.

ಪಕ್ಕದಲ್ಲಿ ಕಾಕಾ ಎದ್ದು ನಿಂತಿದ್ದರು. ಹಿಂದಿನ ಸಾಲಿನವರೊಬ್ಬರು ವಿನಯದಿಂದಲೇ, ಸರ್, ಸ್ವಲ್ಪ ಕೂತುಕೊಳ್ಳುತ್ತೀರಾ, ನಮಗೆ ಕಾಣುತ್ತಿಲ್ಲ ಎಂದರು. ನಾನು ಕಾಕಾನ ತೋಳು ಮುಟ್ಟಿದೆ. ಅವರಿಗೆ ಅದು ಕೇಳಿಸಿದಂತೆಯೇ ಇರಲಿಲ್ಲ. ವೇದಿಕೆಯ ಮೇಲೆ ಬಿಳಿ ಬಟ್ಟೆ ಹೊದಿಸಿದ ಮಡಚುವ ಕುರ್ಚಿಗಳ ಸಾಲಿತ್ತು. ಆ ಮುಖ ಮೆಟ್ಟಿಲ ಬುಡದಲ್ಲಿ ಒಂದು ಗಳಿಗೆ ನಿಂತು, ಹಿಮ್ಮಡಿ ಊರಿ ತುಸು ತೂಗಿ, ಆಮೇಲೆ ಮೇಲೆ ಹತ್ತಿತು.

"ನೋಡಿದ್ಯಾ, ಉಮಾ," ಎಂದರು ಕಾಕಾ. ಮುಖದಲ್ಲಿ ಚಿಕ್ಕ ಹುಡುಗನ ನಗು. "ಅಣ್ಣ ಕಡೀಗೂ ಸ್ಟೇಜ್ ಹತ್ತಿದ."

ಅಪ್ಪ ನಿಧಾನವಾಗಿ ಕುರ್ಚಿಯಲ್ಲಿ ಕೂತರು. ಆಮೇಲೆ ಕಾಕಾ ಕೂತರು.